‘ವಿಲಾಯಿತಿ’ ಹೋಗಿ ‘ಬ್ಲೈಟಿ’ ಆದದ್ದು

ಯಾವ ಭಾಷೆಯಲ್ಲಿಯೇ ಆಗಲಿ, ಪದಗಳಲ್ಲಿ ಎರಡು ಬಗೆಯುಂಟು. ಪಂಡಿತರ ಮನ್ನಣೆ ಪಡೆದು ಗ್ರಂಥಗಳಲ್ಲಿ ನೆಲೆಗೊಂಡವು ಒಂದು ಬಗೆ. ಸಂತೆಯಲ್ಲಿ, ಗರಡಿಯಲ್ಲಿ, ವಿದ್ಯಾರ್ಥಿನಿಲಯದ ಜಗಲಿಯಲ್ಲಿ, ಸಿಪಾಯಿಗಳ ಬಿಡಾರದಲ್ಲಿ ಹುಟ್ಟಿ ಬೆಳೆದವು ಇನ್ನೊಂದು ಬಗೆ. ಈ ಎರಡನೆಯದನ್ನು ಇಂಗ್ಲಿಷಿನವರು ‘ಸ್ಲ್ಯಾಂಗ್’ ಎನ್ನುತ್ತಾರೆ. ಇದಕ್ಕೆ ಸರಿಸಮವಾದ ಕನ್ನಡ ಮಾತು ಹುಡುಕುವುದು ಕಷ್ಟ. ‘ಗ್ರಾಮ್ಯ’ ಎಂದರೆ ಸಾಲದು, ಏಕೆಂದರೆ ಹಳ್ಳಿಯ ಮಾತೆಲ್ಲ ಸ್ಲ್ಯಾಂಗ್ ಅಲ್ಲ. ‘ಆಡುಮಾತು’ ಎಂದರೂ ಸಾಲದು, ಏಕೆಂದರೆ ನಾವು ಆಡುವ ಮಾತೆಲ್ಲವೂ ಅದಲ್ಲ. ಒಂದು ಕಸುಬಿನವರೋ ಒಂದು ಗುಂಪಿನವರೋ ತಮ್ಮತಮ್ಮೊಳಗೆ ಬಳಸುವ, ಸ್ವಲ್ಪ ತುಂಟತನವೂ ಸ್ವಲ್ಪ ಗುಟ್ಟೂ ಬೆರೆತ ಮಾತು ಅದು ಎಂದು ವಿವರಿಸಿಕೊಳ್ಳಬಹುದು.

ಇಂಥ ಪದಗಳ ಆಯುಸ್ಸು ಸಾಮಾನ್ಯವಾಗಿ ಅಲ್ಪ. ಇಂದಿನ ಹುಡುಗರು ನಗುತ್ತ ಬಳಸಿದ್ದು ನಾಳಿನ ಹುಡುಗರಿಗೆ ಅರ್ಥವೇ ಆಗದು. ಆದರೆ ಕೆಲವು ಪದಗಳು ಮಾತ್ರ ತಾವು ಹುಟ್ಟಿದ ಗುಂಪನ್ನು ದಾಟಿ, ಸಮುದ್ರವನ್ನು ದಾಟಿ, ನಿಘಂಟಿನೊಳಗೂ ಬಂದು ಕುಳಿತುಬಿಡುತ್ತವೆ. ಅಂಥ ಒಂದು ಪದ ‘ಬ್ಲೈಟಿ’. ನಮ್ಮ ಪಠ್ಯಪುಸ್ತಕಗಳಲ್ಲಿ ಇದು ಅಪರೂಪ. ಇಂಗ್ಲಿಷ್ ಸಾಹಿತ್ಯ ಓದುವವರಿಗೆ ಮೊದಲನೆಯ ಮಹಾಯುದ್ಧದ ನೆನಪಿನ ಬರಹಗಳಲ್ಲಿ ಅಲ್ಲಲ್ಲಿ ಎದುರಾಗಬಹುದು. ಎದುರಾದಾಗ ಅದನ್ನು ಯಾವುದೋ ಇಂಗ್ಲಿಷ್ ಹಳ್ಳಿಯ ಮಾತೆಂದು ತಿಳಿದು ಮುಂದಕ್ಕೆ ಹೋಗುವವರೇ ಹೆಚ್ಚು. ನಿಜವಾಗಿ ಅದು ನಮ್ಮ ನೆಲದಿಂದ ಹೊರಟುಹೋದ ಮಾತು. ನಮ್ಮ ‘ವಿಲಾಯಿತಿ’ಯೇ ವೇಷ ಬದಲಾಯಿಸಿಕೊಂಡು ಹಾಗೆ ನಿಂತಿದೆ.

ಮೊದಲು ಅದರ ಅರ್ಥಗಳನ್ನು ನೋಡೋಣ. ‘ಬ್ಲೈಟಿಗೆ ಹೋಗುತ್ತೇನೆ’ ಎಂದು ಇಂಗ್ಲಿಷ್ ಸಿಪಾಯಿ ಹೇಳಿದರೆ ಇಂಗ್ಲೆಂಡಿಗೆ ಹೋಗುತ್ತೇನೆ ಎಂದರ್ಥ. ಬರಿಯ ಇಂಗ್ಲೆಂಡಲ್ಲ, ಊರಿಗೆ, ಮನೆಗೆ ಹೋಗುತ್ತೇನೆ ಎಂದು ಭಾವ. ‘ಅವನಿಗೊಂದು ಬ್ಲೈಟಿ ಸಿಕ್ಕಿತು’ ಎಂದರೆ ಅರ್ಥವೇ ಬೇರೆ. ಅವನಿಗೆ ಗಾಯವಾಯಿತು, ಆ ಗಾಯ ಅವನನ್ನು ಇಂಗ್ಲೆಂಡಿನ ಆಸ್ಪತ್ರೆಗೆ ಕಳುಹಿಸುವಷ್ಟು ದೊಡ್ಡದು, ಆದರೆ ಪ್ರಾಣ ತೆಗೆಯುವಷ್ಟು ದೊಡ್ಡದಲ್ಲ ಎಂದು ತಾತ್ಪರ್ಯ. ‘ಬ್ಲೈಟಿ ರಜೆ’ ಎನ್ನುವಲ್ಲಿ ಅದು ವಿಶೇಷಣ. ಊರಿಗೆ ಹೋಗಲು ದೊರೆತ ರಜೆ. ಇಂದಿನ ವೃತ್ತಪತ್ರಿಕೆಗಳಲ್ಲಿ ಯಾರಾದರೂ ‘ಹಳೆಯ ಬ್ಲೈಟಿ’ ಎಂದು ಬರೆದರೆ ಅದರಲ್ಲಿ ಅರ್ಧ ಅಕ್ಕರೆ, ಅರ್ಧ ಹಾಸ್ಯ. ದೇಶ, ಮನೆ, ಗಾಯ, ರಜೆ, ಹಾಸ್ಯ: ಇಷ್ಟೊಂದು ಅರ್ಥಗಳು ಒಂದೇ ಸಣ್ಣ ಪದದಲ್ಲಿ ಸೇರಿದುದು ಹೇಗೆ? ಇದನ್ನು ತಿಳಿಯಬೇಕಾದರೆ ಪದದ ಬೆನ್ನು ಹತ್ತಿ ಬಹಳ ದೂರ ಹೋಗಬೇಕಾಗುತ್ತದೆ.

ಮೂಲ ಅರಬ್ಬೀ ಭಾಷೆಯಲ್ಲಿದೆ. ಅಲ್ಲಿ ‘ವಲೀ’ ಎಂದರೆ ರಕ್ಷಕ, ಮೇಲ್ವಿಚಾರಕ. ದೇವರಿಗೆ ಆಪ್ತನಾದ ಸಂತನಿಗೂ ಅದೇ ಹೆಸರು. ಅದೇ ಧಾತುವಿನಿಂದ ಬಂದ ‘ವಿಲಾಯತ್’ ಎಂದರೆ ಆಳ್ವಿಕೆ, ಆಳ್ವಿಕೆಗೆ ಒಳಪಟ್ಟ ಪ್ರಾಂತ. ತುರ್ಕಿ ಸಾಮ್ರಾಜ್ಯದಲ್ಲಿ ಪ್ರಾಂತಗಳನ್ನು ಇದೇ ಹೆಸರಿನಿಂದ ಕರೆಯುತ್ತಿದ್ದರು. ಪಾರಸಿಯ ಮೂಲಕ ಈ ಪದ ಹಿಂದುಸ್ತಾನಕ್ಕೆ ಬಂದಿತು. ಇಲ್ಲಿಗೆ ಬಂದಮೇಲೆ ಇದರ ಅರ್ಥ ನಿಧಾನವಾಗಿ ಸರಿಯತೊಡಗಿತು. ಪ್ರಾಂತ ಎಂಬುದು ದೇಶವಾಯಿತು. ದೇಶ ಎಂಬುದು ‘ಆ ದೇಶ’, ಅಂದರೆ ಹೊರಗಿನ ದೇಶವಾಯಿತು. ವಾಯವ್ಯದ ಕಣಿವೆಗಳಾಚೆಯಿಂದ ಬಂದವರೆಲ್ಲ ‘ವಿಲಾಯತಿ’ಗಳು. 1857ರ ದಂಗೆಯ ವೃತ್ತಾಂತಗಳಲ್ಲಿ ‘ವಿಲಾಯತಿ’ ಎಂದು ಬಂದಿರುವಲ್ಲಿ ಇಂಗ್ಲಿಷರೆಂದು ತಿಳಿಯಬಾರದು. ಸಂಬಳಕ್ಕೆ ಯುದ್ಧ ಮಾಡುತ್ತಿದ್ದ ಆಫ್ಘನ್ ಸಿಪಾಯಿಗಳೆಂದು ತಿಳಿಯಬೇಕು. ತರುವಾಯ ಆಳುವವರು ಬದಲಾದರು, ಪದದ ಗುರಿಯೂ ಬದಲಾಯಿತು. ಹೊರದೇಶವೆಂದರೆ ಇಂಗ್ಲೆಂಡ್ ಎಂದೇ ಜನ ಭಾವಿಸುವ ಕಾಲ ಬಂದಮೇಲೆ ವಿಲಾಯತ್ ಎಂಬ ಹೆಸರು ಆ ದ್ವೀಪಕ್ಕೇ ಅಂಟಿಕೊಂಡಿತು.

ಈ ಅರ್ಥಾಂತರ ವಿಚಿತ್ರವೆಂದು ತೋರುವವರು ನಮ್ಮ ‘ಸೀಮೆ’ ಎಂಬ ಪದವನ್ನು ನೆನೆಯಬೇಕು. ಸಂಸ್ಕೃತದಲ್ಲಿ ಅದಕ್ಕೆ ಎಲ್ಲೆ, ಗಡಿ ಎಂದರ್ಥ. ಕನ್ನಡಿಗರು ಗಡಿಯೊಳಗಿನ ನಾಡಿಗೂ ಅದನ್ನೇ ಹೆಸರು ಮಾಡಿ ‘ಬಯಲುಸೀಮೆ’ ಎಂದರು. ಅಲ್ಲಿಗೂ ನಿಲ್ಲದೆ ಹಡಗಿನಲ್ಲಿ ಬಂದಿಳಿದ ಹೊಸ ವಸ್ತುಗಳಿಗೆಲ್ಲ ಅದೇ ಮುದ್ರೆ ಒತ್ತಿದರು. ದೀಪಕ್ಕೆ ಸೀಮೆಎಣ್ಣೆ, ಕರಿಹಲಗೆಗೆ ಸೀಮೆಸುಣ್ಣ, ಅಡುಗೆಗೆ ಸೀಮೆಬದನೆ, ಕೊಟ್ಟಿಗೆಗೆ ಸೀಮೆಹಸು. ಇಲ್ಲಿ ಸೀಮೆ ಎಂದರೆ ನಮ್ಮ ಸೀಮೆಯಲ್ಲ, ಪರಸೀಮೆ. ತಮಿಳರ ‘ಶೀಮೈ’ ಕೂಡ ಇದೇ ಹಾದಿ ಹಿಡಿದಿದೆ. ಅರಬ್ಬೀ ಪದವೊಂದು ಉತ್ತರದಲ್ಲಿ ಮಾಡಿದ ಪ್ರಯಾಣವನ್ನು ಸಂಸ್ಕೃತ ಪದವೊಂದು ದಕ್ಷಿಣದಲ್ಲಿ ಮಾಡಿತು. ಜನರ ಮನಸ್ಸು ಎರಡು ಕಡೆಯೂ ಒಂದೇ ರೀತಿ ಕೆಲಸ ಮಾಡಿದುದಕ್ಕೆ ಇದು ಸಾಕ್ಷಿ.

ಈ ‘ವಿಲಾಯತಿ’ಯ ವೃತ್ತಾಂತವನ್ನು ಇಂಗ್ಲಿಷಿನಲ್ಲಿ ಮೊದಲು ಚೆನ್ನಾಗಿ ಹೇಳಿದ ಗ್ರಂಥಗಳಲ್ಲಿ ‘ಹಾಬ್ಸನ್-ಜಾಬ್ಸನ್’ ಒಂದು. ಆಂಗ್ಲೋ-ಇಂಡಿಯನ್ ಪದಗಳ ಈ ದೊಡ್ಡ ಕೋಶವನ್ನು ಹೆನ್ರಿ ಯೂಲ್ ಮತ್ತು ಎ. ಸಿ. ಬರ್ನೆಲ್ ಎಂಬಿಬ್ಬರು ಸಿದ್ಧಪಡಿಸಿದರು. 1886ರಲ್ಲಿ ಅದು ಪ್ರಕಟವಾಯಿತು. ಈ ಬರ್ನೆಲ್ ನಮಗೆ ಅಪರಿಚಿತನಲ್ಲ. ಮಂಗಳೂರಿನಲ್ಲಿ ಅಧಿಕಾರಿಯಾಗಿದ್ದು, ತುಳುನಾಡಿನ ಭೂತಾರಾಧನೆಯ ಸಂಗತಿಗಳನ್ನು ಶ್ರದ್ಧೆಯಿಂದ ಸಂಗ್ರಹಿಸಿದ ವಿದ್ವಾಂಸ ಈತನೇ. ಕೋಶದಲ್ಲಿ ‘ಬಿಲಾಯತ್’ ಎಂಬ ಶೀರ್ಷಿಕೆಯುಂಟು. ಟೊಮೇಟೊ ಹಣ್ಣಿಗೆ ‘ಬಿಲಾಯತಿ ಬೈಂಗನ್’ ಅಂದರೆ ವಿಲಾಯಿತಿ ಬದನೆ ಎಂದೂ, ಸೋಡಾ ನೀರಿಗೆ ‘ಬಿಲಾಯತಿ ಪಾನಿ’ ಎಂದೂ ಹೆಸರಿದ್ದುದನ್ನು ಅದು ತಿಳಿಸುತ್ತದೆ. ಆದರೆ ‘ಬ್ಲೈಟಿ’ ಎಂಬ ಸಿಪಾಯಿ ರೂಪಕ್ಕೆ ಅಲ್ಲಿ ಇನ್ನೂ ಸ್ಥಾನ ದೊರೆತಿರಲಿಲ್ಲ.

‘ವಿ’ ಹೋಗಿ ‘ಬಿ’ ಬಂದುದೇಕೆ ಎಂದು ಯಾರಾದರೂ ಕೇಳಬಹುದು. ಇದು ಇಂಗ್ಲಿಷರು ಮಾಡಿದ ತಪ್ಪಲ್ಲ. ಉತ್ತರ ಹಿಂದುಸ್ತಾನದ ಆಡುನುಡಿಯಲ್ಲಿಯೇ ವಕಾರ ಬಕಾರವಾಗುವುದು ಸಹಜ. ಬಂಗಾಳಿಗಳಂತೂ ‘ಬಿಲೇತ್’ ಎಂದೇ ಹೇಳುತ್ತಾರೆ. ಕೇಶಿರಾಜನ ‘ಶಬ್ದಮಣಿದರ್ಪಣ’ದ ಅಪಭ್ರಂಶ ಪ್ರಕರಣದ ಪರಿಚಯವುಳ್ಳ ಕನ್ನಡ ವಿದ್ಯಾರ್ಥಿಗಳಿಗೆ ಇದನ್ನು ಬಿಡಿಸಿ ಹೇಳಬೇಕಾಗಿಯೂ ಇಲ್ಲ. ವನ ಬನವಾಯಿತು, ವರ್ಣ ಬಣ್ಣವಾಯಿತು, ವಸತಿ ಬಸದಿಯಾಯಿತು, ವೀಥಿ ಬೀದಿಯಾಯಿತು. ಹಾಗೆಯೇ ವಿಲಾಯತಿ ಬಿಲಾಯತಿಯಾಯಿತು. ಅಲ್ಲಿಂದ ಮುಂದಿನದು ಮಾತ್ರ ಇಂಗ್ಲಿಷ್ ನಾಲಿಗೆಯ ಕೆಲಸ. ಅದು ಮೊದಲ ಇಕಾರವನ್ನು ನುಂಗಿತು. ನಡುವಿನ ‘ಲಾಯ’ ಎಂಬುದನ್ನು ‘ಲೈ’ ಎಂದು ಮೊಟಕು ಮಾಡಿತು. ಅಚ್ಚಿನ ಮನೆಯವರು ಅದಕ್ಕೆ ‘ಮೈಟಿ’, ‘ನೈಟ್’ ಮೊದಲಾದ ಅಪ್ಪಟ ಇಂಗ್ಲಿಷ್ ಪದಗಳ ಕಾಗುಣಿತವನ್ನೇ ತೊಡಿಸಿದರು. ಹೀಗೆ ಅರಬ್ಬೀ ಮನೆತನದ ಪದ ಹುಟ್ಟಿನಿಂದಲೇ ಇಂಗ್ಲಿಷೋ ಎಂಬಂತೆ ಕಾಣತೊಡಗಿತು. ವ್ಯಾಕರಣದಲ್ಲಿಯೂ ಒಂದು ಸ್ವಾರಸ್ಯವಿದೆ. ‘ವಿಲಾಯತ್’ ಎಂಬುದು ನಾಮಪದ, ‘ವಿಲಾಯತಿ’ ಎಂಬುದು ವಿಶೇಷಣ. ಸಿಪಾಯಿ ಹಿಡಿದುಕೊಂಡದ್ದು ವಿಶೇಷಣವನ್ನು. ಅದನ್ನೇ ದೇಶದ ಹೆಸರನ್ನಾಗಿ ಮಾಡಿದ. ಕನ್ನಡದವರಾದ ನಾವೂ ‘ವಿಲಾಯಿತಿ ಬಟ್ಟೆ’ ಎಂದಂತೆಯೇ ‘ವಿಲಾಯಿತಿಗೆ ಹೋಗಿ ಓದಿ ಬಂದ’ ಎನ್ನುತ್ತೇವಷ್ಟೆ.

ಇಲ್ಲಿ ಒಂದು ಎಚ್ಚರಿಕೆ ಅವಶ್ಯ. ಇಂಗ್ಲಿಷಿನಲ್ಲಿ ‘ಬ್ಲೈಟ್’ ಎಂಬ ಇನ್ನೊಂದು ಪದವುಂಟು. ಆಲೂಗೆಡ್ಡೆ ಮೊದಲಾದ ಬೆಳೆಗಳಿಗೆ ತಗಲುವ ರೋಗ ಅದು. ಆ ರೋಗದ ಹೆಸರಿನಿಂದ ‘ಬ್ಲೈಟರ್’ ಎಂಬ ಬೈಗುಳ ಹುಟ್ಟಿದೆ. ತೊಲಗದ ಪೀಡೆಯಂಥ ಮನುಷ್ಯ ಎಂದು ಅರ್ಥ. ಇವೆರಡಕ್ಕೂ ನಮ್ಮ ಬ್ಲೈಟಿಗೂ ರಕ್ತಸಂಬಂಧವಿಲ್ಲ. ಸದ್ದು ಒಂದಾದ ಮಾತ್ರಕ್ಕೆ ಕುಲ ಒಂದಾಗುವುದಿಲ್ಲ.

ಇನ್ನು ಈ ಪದವನ್ನು ಹೊತ್ತುಕೊಂಡು ಹೋದವರ ವಿಚಾರ. ಇಂಗ್ಲಿಷರ ಕಾಲದ ಹಿಂದುಸ್ತಾನವೆಂದೊಡನೆ ನಮ್ಮ ಕಣ್ಣಿಗೆ ಕಲೆಕ್ಟರರೂ ಕರ್ನಲ್ಲರೂ ಕಾಣುತ್ತಾರೆ. ಬ್ಲೈಟಿ ಅವರ ಪದವಲ್ಲ. ಸಾಧಾರಣ ಸಿಪಾಯಿಯ ಪದ. ಲಂಡನ್ನಿನ ಬಡ ಕೇರಿಗಳಿಂದಲೋ ಗಣಿಗಳ ಊರಿನಿಂದಲೋ ಹೊಟ್ಟೆಪಾಡಿಗಾಗಿ ಸೈನ್ಯ ಸೇರಿದ ಹುಡುಗನನ್ನು ಹಡಗಿಗೆ ಹತ್ತಿಸಿ ಇಲ್ಲಿಗೆ ತರುತ್ತಿದ್ದರು. ಮೀರತ್, ಅಂಬಾಲಾ, ನಮ್ಮ ಬೆಂಗಳೂರಿನ ದಂಡು, ಹೀಗೆ ಯಾವುದಾದರೊಂದು ಕಂಟೋನ್ಮೆಂಟಿನ ಬ್ಯಾರಕಿನಲ್ಲಿ ಅವನ ಯೌವನದ ವರ್ಷಗಳು ಕಳೆಯುತ್ತಿದ್ದವು. ನಡುವೆ ಊರಿಗೆ ಹೋಗಿಬರುವ ಅನುಕೂಲ ಅಧಿಕಾರಿಗಳಿಗಿದ್ದಂತೆ ಅವನಿಗಿರಲಿಲ್ಲ. 1869ರಲ್ಲಿ ಸೂಯೆಜ್ ಕಾಲುವೆ ತೆರೆದ ಮೇಲೂ ಊರು ಹಡಗಿನಲ್ಲಿ ಮೂರು ವಾರಗಳಷ್ಟು ದೂರ. ಚಹಾದವನು, ಅಗಸ, ಕ್ಷೌರಿಕ, ಬಜಾರಿನ ಅಂಗಡಿಯವನು, ಇವರೊಡನೆ ವ್ಯವಹರಿಸುತ್ತ ಅವನು ಮುರುಕು ಹಿಂದುಸ್ತಾನಿ ಕಲಿತ. ಅವನ ಊರಿನ ಹೆಸರು ಇವರ ಬಾಯಲ್ಲಿ ‘ಬಿಲಾಯತ್’. ಅವನೂ ಅದನ್ನೇ ತನ್ನದನ್ನಾಗಿ ಮಾಡಿಕೊಂಡ.

ಹೀಗೆ ಕಲಿತ ಪದ ಇದೊಂದೇ ಅಲ್ಲ. ‘ಒಮ್ಮೆ ನೋಡು’ ಎನ್ನುವುದಕ್ಕೆ ಸಿಪಾಯಿ ‘ಡೆಕೊ’ ಎಂದ. ಅದು ನಮಗೆ ಗೊತ್ತಿರುವ ‘ದೇಖೋ’. ಬಿಟ್ಟಿಯಾಗಿ ಸಿಕ್ಕಿದ್ದಕ್ಕೆ ‘ಬಕ್‌ಶೀ’ ಎಂದ. ಅದು ನಮ್ಮ ‘ಭಕ್ಷೀಸು’. ಚಹಾ ‘ಚಾರ್’ ಆಯಿತು, ರೊಟ್ಟಿ ‘ರೂಟಿ’ ಆಯಿತು, ದೇಗಚಿ ‘ಡಿಕ್ಸಿ’ ಆಯಿತು, ಚೌಕಿ ಎಂಬುದು ಸೆರೆಮನೆಯ ಅರ್ಥದಲ್ಲಿ ‘ಚೋಕಿ’ ಆಯಿತು. ಕಷ್ಟವಿಲ್ಲದ, ಸುಖವಾದ ಕೆಲಸಕ್ಕೆ ‘ಕುಶಿ’ ಎಂದರು. ಅದರ ಹಿಂದೆ ನಿಂತಿರುವುದು ನಮ್ಮ ‘ಖುಷಿ’ ಎಂದು ನಿಘಂಟುಗಳು ಹೇಳುತ್ತವೆ. ಬೆವರುತ್ತ ದೇವಲಾಲಿಯ ಶಿಬಿರದಲ್ಲಿ ಊರಿನ ಹಡಗಿಗಾಗಿ ತಿಂಗಳುಗಟ್ಟಲೆ ಕಾದು ತಲೆ ಕೆಟ್ಟವನಿಗೆ ‘ಡೂಲಾಲಿ’ ಎಂದು ಹೆಸರು. ಈ ಪದಗಳನ್ನೆಲ್ಲ ಒಟ್ಟಿಗೆ ಇಟ್ಟು ನೋಡಿದರೆ ಸಿಪಾಯಿಯ ಬಾಳು ಕಣ್ಣೆದುರಿಗೆ ನಿಲ್ಲುತ್ತದೆ: ಚಹಾ, ರೊಟ್ಟಿ, ಪಾತ್ರೆ, ಸೆರೆ, ಒಂದಿಷ್ಟು ಸುಖ, ಹುಚ್ಚು, ಎಲ್ಲಕ್ಕೂ ಮೇಲೆ ಊರು.

1914ರ ವರೆಗೆ ಇದು ಹಿಂದುಸ್ತಾನದಲ್ಲಿ ದುಡಿದ ಹಳೆಯ ಸಿಪಾಯಿಗಳ ಒಳಮಾತಾಗಿಯೇ ಇತ್ತು. ಆ ವರ್ಷದ ಆಗಸ್ಟಿನಲ್ಲಿ ಮಹಾಯುದ್ಧ ಪ್ರಾರಂಭವಾಯಿತು. ಇಲ್ಲಿದ್ದ ಬ್ರಿಟಿಷ್ ದಳಗಳಲ್ಲಿ ಬಹುಪಾಲನ್ನು ಯೂರೋಪಿಗೆ ಕರೆಸಿಕೊಂಡರು. ಅಲ್ಲಿ ಲಕ್ಷಗಟ್ಟಲೆ ಹೊಸ ಹುಡುಗರು, ಗುಮಾಸ್ತರು, ನೇಕಾರರು, ಉಪಾಧ್ಯಾಯರು, ಸೈನ್ಯಕ್ಕೆ ಸೇರುತ್ತಿದ್ದರು. ಅವರಿಗೆ ಕವಾಯತು ಕಲಿಸಿದವರು ಹಳಬರು. ಕವಾಯತಿನ ಜೊತೆಗೆ ಹಳಬರ ಮಾತೂ ಹೊಸಬರ ಬಾಯಿಗೆ ಬಂದಿತು. ಹಿಂದುಸ್ತಾನವನ್ನು ನಕ್ಷೆಯಲ್ಲಿ ಮಾತ್ರ ಕಂಡಿದ್ದ ಹುಡುಗರು ಫ್ರಾನ್ಸಿನ ಕೆಸರಿನ ಕಂದಕಗಳಲ್ಲಿ ಕುಳಿತು ಬ್ಲೈಟಿ, ಬ್ಲೈಟಿ ಎಂದು ಹಂಬಲಿಸತೊಡಗಿದರು. 1916ರಲ್ಲಿ ‘ಟೇಕ್ ಮಿ ಬ್ಯಾಕ್ ಟು ಡಿಯರ್ ಓಲ್ಡ್ ಬ್ಲೈಟಿ’ ಎಂಬ ಹಾಡು ಹುಟ್ಟಿತು. ಅದನ್ನು ರಚಿಸಿದವರು ಮಿಲ್ಸ್, ಗಾಡ್‌ಫ್ರೆ ಮತ್ತು ಸ್ಕಾಟ್ ಎಂಬ ಮೂವರು. ನಾಟಕಶಾಲೆಗಳಲ್ಲಿ ಹಾಡಿ ಜನಪ್ರಿಯಗೊಳಿಸಿದವಳು ಫ್ಲೋರಿ ಫೋರ್ಡ್. ಅದೇ ವರ್ಷ ಸಿಪಾಯಿಗಳ ವಿನೋದಕ್ಕೆಂದು ‘ಬ್ಲೈಟಿ’ ಎಂಬ ಹೆಸರಿನ ಹಾಸ್ಯಪತ್ರಿಕೆಯೂ ಹೊರಟಿತು. ಅಲ್ಲಿಗೆ ಬ್ಯಾರಕಿನ ಪದ ಮನೆಮನೆಯ ಪದವಾಯಿತು. ಬ್ರಿಟಿಷ್ ಸೈನ್ಯದಲ್ಲಿ ಕಾದಾಡಿ ಹಿಂದಿರುಗಿದ ಆರ್ಥರ್ ಗೈ ಎಂಪಿ ಎಂಬ ಅಮೆರಿಕದವನು 1917ರಲ್ಲಿ ಪ್ರಕಟಿಸಿದ ಪುಸ್ತಕದ ಕೊನೆಯಲ್ಲಿ ಕಂದಕದ ಪದಗಳ ಕೋಶವನ್ನೇ ಕೊಡಬೇಕಾಯಿತು. ಬ್ಲೈಟಿಗೂ ಅದರಲ್ಲಿ ಸ್ಥಾನ ದೊರೆಯಿತು.

ಹಿಂದುಸ್ತಾನದಲ್ಲಿದ್ದಾಗ ಊರು ದೂರವಾದುದರಿಂದ ಅದು ದುರ್ಲಭವಾಗಿತ್ತು. ಫ್ರಾನ್ಸಿನಲ್ಲಿ ಹಾಗಲ್ಲ. ಇಂಗ್ಲೆಂಡಿಗೂ ಫ್ರಾನ್ಸಿಗೂ ನಡುವಣ ಕಡಲು ಅತಿ ಕಿರಿದಾದ ಕಡೆ ಕೇವಲ 33 ಕಿಲೋಮೀಟರುಗಳಷ್ಟು. ದೊಡ್ಡ ತೋಪುಗಳು ಗುಡುಗಿದರೆ ಅದರ ಸದ್ದು ದಕ್ಷಿಣ ಇಂಗ್ಲೆಂಡಿನ ಊರುಗಳಿಗೆ ಕೇಳಿಸುತ್ತಿತ್ತು. ಇಷ್ಟು ಹತ್ತಿರವಿದ್ದೂ ಮನೆ ಕೈಗೆಟುಕದು. ಸಾಧಾರಣ ಸಿಪಾಯಿಗೆ ವರ್ಷಕ್ಕೊಮ್ಮೆ ರಜೆ ಸಿಕ್ಕಿದರೆ ಅದೇ ಭಾಗ್ಯ. ಸೈನ್ಯ ಬಿಟ್ಟು ಓಡಿದರೆ ಗುಂಡಿನ ಶಿಕ್ಷೆಯಾಗಬಹುದು. ಹಾಗಾದರೆ ಮನೆಗೆ ಹೋಗುವ ಮಾನದ ದಾರಿ ಯಾವುದು? ಉಳಿದದ್ದು ಒಂದೇ: ಗಾಯ. ದೇಶದ ಹೆಸರು ಗಾಯದ ಹೆಸರಾದದ್ದು ಈ ಲೆಕ್ಕಾಚಾರದಿಂದ.

ಆದರೆ ಎಂಥ ಗಾಯವಾದರೂ ಆಗದು. ಅಲ್ಪಸ್ವಲ್ಪ ತರಚಿದ್ದಕ್ಕೆ ಹಿಂಬದಿಯ ಶಿಬಿರದಲ್ಲಿ ಔಷಧಿ ಹಚ್ಚಿ ಮತ್ತೆ ಕಂದಕಕ್ಕೆ ಕಳುಹಿಸುತ್ತಿದ್ದರು. ಸ್ವಲ್ಪ ದೊಡ್ಡದಾದರೆ ಫ್ರಾನ್ಸಿನ ಎತಾಪ್ಲ್, ರುಆನ್ ಮೊದಲಾದ ಊರುಗಳ ಆಸ್ಪತ್ರೆಗಳಲ್ಲಿಯೇ ಇರಿಸಿಕೊಳ್ಳುತ್ತಿದ್ದರು. ಅದಕ್ಕೂ ಮೇಲ್ಪಟ್ಟ ಗಾಯವಾದರೆ ಮಾತ್ರ ಹಡಗು ಹತ್ತಿಸಿ ಇಂಗ್ಲೆಂಡಿಗೆ ಸಾಗಿಸುತ್ತಿದ್ದರು. ಆ ಗಾಳುವಿನ ಅಂಗಿಗೆ ಕಟ್ಟಿದ ಚೀಟಿಯ ಮೇಲೆ ವೈದ್ಯನು ಬರೆಯುವ ಒಂದು ಸಾಲು ಅವನ ಪಾಲಿಗೆ ಬ್ರಹ್ಮಲಿಪಿ. ಕೈಗೋ ಕಾಲಿಗೋ ಗುಂಡು ಹೊಕ್ಕು ಮೂಳೆ ಮುರಿಯಬೇಕು. ಪ್ರಾಣ ಹೋಗಬಾರದು, ಕಣ್ಣು ಹೋಗಬಾರದು, ಬದುಕಿನುದ್ದಕ್ಕೂ ಕುಂಟನಾಗಬಾರದು. ಇದು ‘ಒಳ್ಳೆಯ ಬ್ಲೈಟಿ’. ಗಾಯಗೊಂಡು ಸ್ಟ್ರೆಚರಿನಲ್ಲಿ ಹೋಗುತ್ತಿರುವವನನ್ನು ಕಂಡು ಆರೋಗ್ಯವಂತನು ಹೊಟ್ಟೆಕಿಚ್ಚುಪಡುವ ಪ್ರಪಂಚ ಅದು. ಕ್ಷೇಮವೆಂದರೇನು, ಅಪಾಯವೆಂದರೇನು ಎಂಬ ವಿವೇಕವೇ ತಲೆಕೆಳಗಾದುದನ್ನು ತೋರಿಸಲು ಸಾವಿರ ಪುಟದ ಚರಿತ್ರೆಗಿಂತ ಈ ಒಂದು ಪದವೇ ಸಾಕು.

1916ನೆಯ ಇಸವಿ ಜುಲೈ 1ರಂದು ಸೋಮ್ ನದಿಯ ಬಳಿ ನಡೆದ ಕದನದ ಮೊದಲ ದಿನವೇ ಬ್ರಿಟಿಷ್ ಸೈನ್ಯದ ನಷ್ಟ 57,470. ಅವರಲ್ಲಿ ಸತ್ತವರು 19,240. ಗಾಯಗೊಂಡವರು 35,000ಕ್ಕೂ ಮೇಲೆ. ಇಂಥ ಅಂಕಿಗಳ ಮುಂದೆ ಒಂದು ಮೂಳೆ ಮುರಿತವನ್ನು ಅದೃಷ್ಟವೆಂದು ಕರೆದವನನ್ನು ಹೇಡಿ ಎನ್ನಲು ನಮಗೆ ಬಾಯಿ ಬರುವುದಿಲ್ಲ. ಕೆಲವರು ಅದೃಷ್ಟಕ್ಕೆ ಕಾಯಲಾರದೆ ತಾವೇ ತಮ್ಮ ಕೈಗೋ ಪಾದಕ್ಕೋ ಗುಂಡು ಹಾರಿಸಿಕೊಂಡರು. ಹತ್ತಿರದ ಗುಂಡು ಚರ್ಮವನ್ನು ಸುಟ್ಟು ಗುಟ್ಟು ಬಯಲು ಮಾಡುವುದೆಂದು ನಡುವೆ ಮರಳಿನ ಚೀಲ ಇಟ್ಟುಕೊಂಡು ಹಾರಿಸಿಕೊಂಡವರೂ ಇದ್ದರು. ಇದು ಸೈನ್ಯದ ಕಾನೂನಿನಲ್ಲಿ ಅಪರಾಧ. ಯುದ್ಧಕಾಲದಲ್ಲಿ ಈ ಅಪರಾಧಕ್ಕಾಗಿ ಬ್ರಿಟಿಷ್ ಸೈನ್ಯದಲ್ಲಿ ಶಿಕ್ಷೆಗೆ ಗುರಿಯಾದವರ ಸಂಖ್ಯೆ ಸುಮಾರು 3,900. ಹೀಗೆ ಒಂದೇ ಬಗೆಯ ಗಾಯ, ಶತ್ರುವಿನ ಗುಂಡಿನಿಂದ ಆದರೆ ಬ್ಲೈಟಿ, ತನ್ನ ಗುಂಡಿನಿಂದ ಆದರೆ ಸೆರೆಮನೆ.

ಈಗ ಕಥೆಯ ಇನ್ನೊಂದು ಮಗ್ಗುಲನ್ನು ನೋಡಬೇಕು. ಅದೇ ಕಂದಕಗಳಲ್ಲಿ ನಮ್ಮವರೂ ಇದ್ದರು. 1914ರ ಸೆಪ್ಟೆಂಬರ್ ಕೊನೆಗೆ ಹಿಂದುಸ್ತಾನದ ದಳಗಳು ಮಾರ್ಸೇಲ್ಸ್ ಬಂದರಿನಲ್ಲಿ ಇಳಿದವು. ಪಂಜಾಬಿಗಳು, ಪಠಾಣರು, ಗಢವಾಲಿಗಳು, ಗೂರ್ಖರು ಮೊದಲಾಗಿ, ಕೂಲಿ ದಳದವರನ್ನೂ ಸೇರಿಸಿಕೊಂಡರೆ ಯುದ್ಧ ಮುಗಿಯುವುದರೊಳಗೆ ಸುಮಾರು 1,40,000 ಮಂದಿ ಆ ರಣರಂಗಕ್ಕೆ ಹೋದರು. ಇವರಲ್ಲಿ ಗಾಯಗೊಂಡ ಅನೇಕರನ್ನು ಇಂಗ್ಲಿಷ್ ಸಿಪಾಯಿಯಂತೆಯೇ ಹಡಗಿನಲ್ಲಿ ಇಂಗ್ಲೆಂಡಿಗೆ ಸಾಗಿಸಿದರು. ಬ್ರೈಟನ್ ಎಂಬ ಕಡಲೂರಿನಲ್ಲಿ ಒಂದು ಅರಮನೆಯಿದೆ. ನಾಲ್ಕನೆಯ ಜಾರ್ಜ್ ಯುವರಾಜನಾಗಿದ್ದಾಗಿನಿಂದ ಕಟ್ಟಿಸಿ ಬೆಳೆಸಿದ ವಿಲಾಸಗೃಹ. ಹೊರನೋಟಕ್ಕೆ ಗುಮ್ಮಟ, ಮಿನಾರುಗಳಿಂದ ಕೂಡಿ ಹಿಂದುಸ್ತಾನದ್ದೇ ಎಂಬಂತೆ ಕಾಣುತ್ತದೆ. 1914ರ ಡಿಸೆಂಬರಿನಿಂದ 1916ರ ಆರಂಭದವರೆಗೆ ಅದನ್ನು ನಮ್ಮ ಗಾಯಾಳುಗಳ ಆಸ್ಪತ್ರೆಯನ್ನಾಗಿ ಮಾಡಿದ್ದರು. ಜಾತಿಮತಗಳಿಗೆ ತಕ್ಕಂತೆ ಬೇರೆಬೇರೆ ಅಡುಗೆಮನೆಗಳು, ಬೇರೆಬೇರೆ ನೀರಿನ ನಲ್ಲಿಗಳು, ಉರ್ದು, ಹಿಂದಿ, ಗುರುಮುಖಿ ಲಿಪಿಗಳಲ್ಲಿ ಫಲಕಗಳು, ಯಾವುದಕ್ಕೂ ಕೊರತೆಯಿರಲಿಲ್ಲ.

ಆದರೆ ಆ ಊರು ಇವರಿಗೆ ಬ್ಲೈಟಿಯಲ್ಲ, ವಿಲಾಯತ್. ಊರಿಗೆ ಬರೆದ ಕಾಗದಗಳಲ್ಲಿ ಅವರು ಆ ದೇಶವನ್ನು ಹಾಗೆಯೇ ಕರೆದರು. ಪಕ್ಕದ ಆಸ್ಪತ್ರೆಯ ಇಂಗ್ಲಿಷ್ ಗಾಯಾಳುವಿಗೂ ನಮ್ಮ ಗಾಯಾಳುವಿಗೂ ಬಾಯಲ್ಲಿದ್ದ ಪದ ಮೂಲದಲ್ಲಿ ಒಂದೇ. ಅವನಿಗೆ ಅದು ಮನೆ, ಇವನಿಗೆ ಅದು ಮನೆಯಿಂದ ಇನ್ನೂ ದೂರ. ಅವನ ಗಾಯ ಅವನನ್ನು ತಾಯಿಯ ಬಳಿಗೆ ತಂದಿತು. ಇವನ ಗಾಯ ಇವನನ್ನು ಗುಮ್ಮಟದ ಅರಮನೆಗೆ ತಂದಿತು. ಅಷ್ಟೇ ಆಗಿದ್ದರೆ ಸಹಿಸಬಹುದಿತ್ತೇನೋ. ಗುಣವಾದವರನ್ನು ಮತ್ತೆ ಫ್ರಾನ್ಸಿನ ಕಂದಕಕ್ಕೇ ಕಳುಹಿಸುತ್ತಿದ್ದರು. ಒಮ್ಮೆ ಗಾಯಗೊಂಡವನನ್ನು ಊರಿಗೆ ಕಳುಹಿಸದೆ ಮತ್ತೆ ಸಾಯಲು ಕಳುಹಿಸುವುದು ಯಾವ ನ್ಯಾಯ ಎಂಬ ಕೊರಗು ಅವರ ಕಾಗದಗಳಲ್ಲಿ ಮತ್ತೆಮತ್ತೆ ಬರುತ್ತದೆ. ಆ ಕಾಗದಗಳನ್ನು ಸೈನ್ಯದ ಪರೀಕ್ಷಕರು ಒಡೆದು ಓದುತ್ತಿದ್ದರು. ಅವರು ಇಂಗ್ಲಿಷಿಗೆ ಅನುವಾದಿಸಿಟ್ಟ ಭಾಗಗಳು ಲಂಡನ್ನಿನ ಗ್ರಂಥಾಲಯದಲ್ಲಿ ಉಳಿದುಬಂದಿರುವುದರಿಂದಲೇ ಈ ಸಂಗತಿ ನಮಗೆ ತಿಳಿದಿದೆ. ಪರೀಕ್ಷಕರ ಕಣ್ಣು ತಪ್ಪಿಸಲು ನಮ್ಮವರೂ ತಮ್ಮದೇ ಗುಟ್ಟಿನ ಮಾತು ಕಟ್ಟಿಕೊಂಡಿದ್ದರು. ‘ಕರಿಮೆಣಸು’ ಎಂದರೆ ಹಿಂದುಸ್ತಾನದ ಸಿಪಾಯಿ, ‘ಕೆಂಪುಮೆಣಸು’ ಎಂದರೆ ಬಿಳಿಯ ಸಿಪಾಯಿ. ಕರಿಮೆಣಸು ಬೇಗಬೇಗ ಖರ್ಚಾಗುತ್ತಿದೆ ಎಂದು ಬರೆದರೆ ಊರಿನವರು ಅರ್ಥಮಾಡಿಕೊಳ್ಳಬೇಕು. ಸ್ಲ್ಯಾಂಗ್ ಎಂಬುದು ತುಂಟತನಕ್ಕೆ ಮಾತ್ರ ಹುಟ್ಟುವುದಿಲ್ಲ, ಪ್ರಾಣಭಯದಲ್ಲಿಯೂ ಹುಟ್ಟುತ್ತದೆ.

ಬ್ರೈಟನ್ನಿನ ಬಳಿಯ ದಿಣ್ಣೆಯೊಂದರ ಮೇಲೆ ಅಲ್ಲಿ ಮೃತರಾದ 53 ಮಂದಿ ಹಿಂದೂ ಮತ್ತು ಸಿಖ್ ಸಿಪಾಯಿಗಳ ದಹನವಾಯಿತು. ಆ ಸ್ಥಳದಲ್ಲಿ 1921ರ ಫೆಬ್ರವರಿಯಲ್ಲಿ ಬಿಳಿ ಅಮೃತಶಿಲೆಯ ಛತ್ರಿಯೊಂದನ್ನು ಉದ್ಘಾಟಿಸಿದರು. ಅದು ಇಂದಿಗೂ ಇದೆ. ಬ್ಲೈಟಿಯ ಮಣ್ಣಿನಲ್ಲಿ ಉಳಿದುಹೋದ ಈ ವಿಲಾಯತಿಗಳಿಗೆ ಊರು ಕೊನೆಗೂ ಸಿಕ್ಕಲಿಲ್ಲ.

ಅದೇ 1921ರಲ್ಲಿ ನಮ್ಮ ದೇಶದಲ್ಲಿ ಮೂಲಪದಕ್ಕೆ ಬೇರೊಂದು ಗತಿ ಒದಗಿತು. ಜುಲೈ 31ರಂದು ಮುಂಬಯಿಯಲ್ಲಿ ಗಾಂಧೀಜಿಯವರ ನೇತೃತ್ವದಲ್ಲಿ ವಿದೇಶಿ ಬಟ್ಟೆಯ ದೊಡ್ಡ ರಾಶಿಗೆ ಬೆಂಕಿ ಇಟ್ಟರು. ‘ವಿಲಾಯಿತಿ’ ಎಂಬ ವಿಶೇಷಣ ಅಲ್ಲಿಯವರೆಗೆ ಅಂಗಡಿಯಲ್ಲಿ ಹೆಚ್ಚುಗಾರಿಕೆಯ ಗುರುತಾಗಿತ್ತು. ವಿಲಾಯಿತಿ ಮಾಲೆಂದರೆ ಬೆಲೆ ಹೆಚ್ಚು, ನಯ ಹೆಚ್ಚು. ಸ್ವದೇಶಿ ಚಳವಳಿ ಅದನ್ನು ನಾಚಿಕೆಯ ಗುರುತನ್ನಾಗಿ ಮಾಡಿತು. ಅತ್ತ ಲಂಡನ್ನಿನ ನಾಟಕಶಾಲೆಯಲ್ಲಿ ಜನ ಕಣ್ಣೀರು ತುಂಬಿ ಹಾಡಿದ ಪದವೂ, ಇತ್ತ ಮುಂಬಯಿಯಲ್ಲಿ ಬೆಂಕಿಗೆ ಬಿದ್ದ ಬಟ್ಟೆಯ ಪದವೂ ಒಂದೇ ತಾಯಿಯ ಮಕ್ಕಳು. ಪದದ ಅರ್ಥ ಅಕ್ಷರಗಳಲ್ಲಿಲ್ಲ. ಆಡುವವನು ಎಲ್ಲಿ ನಿಂತಿದ್ದಾನೆ, ಯಾವ ಕಡೆಗೆ ಮುಖ ಮಾಡಿದ್ದಾನೆ ಎಂಬುದರಲ್ಲಿದೆ ಎನ್ನುವುದಕ್ಕೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ದೊರೆಯುವುದು ಕಷ್ಟ.

ಯುದ್ಧ ಮುಗಿದ ಮೇಲೆ ಬ್ಲೈಟಿಯ ತೀಕ್ಷ್ಣತೆ ಕಡಿಮೆಯಾಯಿತು. ಬ್ರೋಫಿ ಮತ್ತು ಪಾರ್ಟ್ರಿಜ್ ಎಂಬವರು 1930ರಲ್ಲಿ ಸಿಪಾಯಿಗಳ ಹಾಡುಗಳನ್ನೂ ಪದಗಳನ್ನೂ ಸಂಗ್ರಹಿಸಿ ಪ್ರಕಟಿಸುವ ಹೊತ್ತಿಗೆ ಅದು ನೆನಪಿನ ಪದವಾಗಿತ್ತು. ಎರಡನೆಯ ಮಹಾಯುದ್ಧದಲ್ಲಿ ಮತ್ತೊಮ್ಮೆ ತಲೆಯೆತ್ತಿತಾದರೂ ಗಾಯ ಎಂಬ ಅರ್ಥ ಹಿಂದಿನಷ್ಟು ಬಲವಾಗಿ ಮರಳಲಿಲ್ಲ. 1962ರ ‘ದಿ ಎಲ್-ಷೇಪ್ಡ್ ರೂಮ್’ ಎಂಬ ಚಲನಚಿತ್ರದಲ್ಲಿ ಮುಪ್ಪಿನ ನಟಿಯ ಪಾತ್ರವೊಂದು ಆ ಹಳೆಯ ಹಾಡನ್ನು ಹಾಡುತ್ತದೆ. 1986ರಲ್ಲಿ ‘ದಿ ಸ್ಮಿತ್ಸ್’ ಎಂಬ ತರುಣರ ವಾದ್ಯಗೋಷ್ಠಿ ಅದರ ತುಣುಕನ್ನು ತಮ್ಮ ಧ್ವನಿಮುದ್ರಿಕೆಯ ಆರಂಭಕ್ಕೆ ವ್ಯಂಗ್ಯವಾಗಿ ಇಟ್ಟುಕೊಂಡಿತು. 2009ರಿಂದ 2013ರ ವರೆಗೆ ಬ್ರಿಟನ್ನಿನಲ್ಲಿ ‘ಬ್ಲೈಟಿ’ ಎಂಬ ಹೆಸರಿನ ದೂರದರ್ಶನ ವಾಹಿನಿಯೊಂದಿತ್ತು. ಈಗ ಹೊರದೇಶಗಳಲ್ಲಿ ನೆಲೆಸಿದ ಇಂಗ್ಲಿಷರು ತವರನ್ನು ನೆನೆಯುವಾಗ, ಅಲ್ಲಿಯ ಮಳೆಯನ್ನೂ ಚಹಾವನ್ನೂ ಗೇಲಿಮಾಡುವಾಗ, ಈ ಪದ ಬಳಸುತ್ತಾರೆ. ಒಂದು ಕಾಲದಲ್ಲಿ ರಕ್ತದಲ್ಲಿ ಅದ್ದಿದ ಮಾತು ಇಂದು ಹಾಸ್ಯದ ಮಾತು.

ಆದರೂ ಯೋಚಿಸಿ ನೋಡಿದರೆ ಮೂಲದ ಒಂದು ಅಂಶ ಅದರಲ್ಲಿ ಹಾಗೆಯೇ ಉಳಿದಿದೆ. ಬ್ಲೈಟಿ ಎಂದು ಹೇಳುವವನು ಸಾಮಾನ್ಯವಾಗಿ ಊರಿನಿಂದ ಹೊರಗಿರುವವನು. ಆಳಲು ಬಂದ ಜನಾಂಗದ ಬಡ ಸಿಪಾಯಿ ತನ್ನ ಮನೆಯನ್ನು ಕರೆಯಲು ಆಳಿಸಿಕೊಂಡವರಿಂದ ‘ಪರದೇಶ’ ಎಂಬ ಪದವನ್ನು ಸಾಲ ತೆಗೆದುಕೊಂಡ. ಬಹು ವರ್ಷ ಹೊರಗಿದ್ದವನಿಗೆ ತನ್ನ ಮನೆಯೂ ಪರದೇಶದಂತೆ ದೂರದಲ್ಲಿ ಕಾಣುತ್ತದೆ ಎಂಬ ಸತ್ಯ ಅವನಿಗೆ ಗೊತ್ತಿಲ್ಲದೆಯೇ ಆ ಮಾತಿನಲ್ಲಿ ಸೇರಿಹೋಯಿತು.

ನಮ್ಮ ಕಾಲೇಜಿನ ವಿದ್ಯಾರ್ಥಿಗಳಲ್ಲಿ ಬಹುಮಂದಿ ಬೇರೆಬೇರೆ ಊರುಗಳಿಂದ ಬಂದವರು. ನಿಮ್ಮ ಊರಿನ ಸಂತೆಯಲ್ಲಿ, ಬಸ್‌ನಿಲ್ದಾಣದಲ್ಲಿ, ಸೈನ್ಯದಿಂದ ಮರಳಿದ ಹಿರಿಯರ ಬಾಯಲ್ಲಿ ಇಂಥ ಪದಗಳು ಎಷ್ಟೋ ಇವೆ. ಅವು ಅಶಿಷ್ಟವೆಂದು ನಾಚಿಕೊಂಡು ತಳ್ಳಿಬಿಡುವುದಕ್ಕೆ ಮೊದಲು ಒಮ್ಮೆ ನಿಲ್ಲಿಸಿ ‘ನೀನು ಎಲ್ಲಿಂದ ಬಂದೆ?’ ಎಂದು ಕೇಳಿರಿ. ಯಾವ ಪದ ಯಾರ ಮನೆಯ ಹಂಬಲವನ್ನು ಹೊತ್ತು ತಿರುಗುತ್ತಿದೆಯೋ ಹೇಳಲಾಗದು. ಕೇಳಿದ್ದನ್ನು ಒಂದು ಪುಸ್ತಕದಲ್ಲಿ ಬರೆದಿಟ್ಟರೆ ಮುಂದಿನ ವರ್ಷದ ಸಂಚಿಕೆಗೂ ಅದು ಒದಗೀತು.